ಕಟ್ ಹೇಳಿದ ಮೇಲಿನ ಹದಿನೈದು ಸೆಕೆಂಡು

"ಕಟ್!"

ನಿರ್ದೇಶಕಿಯ ಕೂಗಿಗೆ ಸೆಟ್ಟಿನಲ್ಲಿದ್ದ ನಲವತ್ತು ಜನರೂ ಒಮ್ಮೆಲೇ ಬೆಚ್ಚಿದರು.

ಗಡಿಯಾರ ರಿಪೇರಿ ಅಂಗಡಿಯ ಸೆಟ್ಟು ಅದು. ಗಾಜಿನ ಕೌಂಟರಿನ ಹಿಂದೆ ಕೂತಿದ್ದ ಹಿರಿಯ ನಟಿಯ ಕಣ್ಣಲ್ಲಿ ಆಗಷ್ಟೇ ನೀರು ತುಂಬಿಕೊಳ್ಳುತ್ತಿತ್ತು. ಅದು ಕೆನ್ನೆಗೆ ಇಳಿಯುವ ಮುಂಚೆಯೇ ಕಟ್ ಬಂದು ಬಿದ್ದಿತ್ತು.

"ಏನಾಯ್ತಮ್ಮಾ?" ನಟಿ ಕಣ್ಣೊರೆಸಿಕೊಂಡು ಕೇಳಿದರು.

"ಸ್ಕ್ರೂಡ್ರೈವರ್ ಬಲಗೈಲಿತ್ತಮ್ಮ. ಹಿಂದಿನ ಶಾಟಲ್ಲಿ ಎಡಗೈಲಿತ್ತು. ಇನ್ನೊಂದು ಸಲ ಮಾಡೋಣ... ಪ್ಲೀಸ್."

ಆಗ ಹಿಂದಿನಿಂದ ಯಾರೋ, "ಅಯ್ಯೋ ದೇವರೇ!" ಎಂದರು.

ಮೆಲ್ಲಗೇ ಅಂದದ್ದು. ಆದರೆ ಸೆಟ್ಟಿನ ಮೌನದಲ್ಲಿ ಅದು ಸ್ಟೀಲ್ ತಟ್ಟೆ ಬಿದ್ದ ಹಾಗೆ ಕೇಳಿಸಿತು. ಅವಳು ಸರಕ್ಕನೆ ತಿರುಗಿದಳು. ಬಾಗಿಲ ಹತ್ತಿರ ಒಬ್ಬ ಎತ್ತರದ ಆಸಾಮಿ ಹೆಲ್ಮೆಟ್ ಹಿಡಿದು ನಿಂತಿದ್ದ. ವಾರದಿಂದ ನಿದ್ದೆ ಕಾಣದ ಕಣ್ಣುಗಳು. ಆ ಕಣ್ಣುಗಳು ನೇರವಾಗಿ ಅವಳನ್ನೇ ನೋಡುತ್ತಿದ್ದವು.

"ಯಾರ್ರೀ ನೀವು?"

"ಈ ಚಿತ್ರದ ಎಡಿಟರ್. ಬಂದು ನಿಮ್ಮನ್ನ ಭೇಟಿಯಾಗಿ ಅಂತ ಹೇಳಿದ್ರು."

"ಭೇಟಿಯಾಗೋಕೆ ಬಂದವರು ಶಾಟ್ ಮಧ್ಯೆ ದೇವರನ್ನ ಕರೀತಾರಾ?"

"ಮಧ್ಯೆ ಕರೀಲಿಲ್ಲ ಮೇಡಂ. ನೀವು ಕಟ್ ಅಂದ ಮೇಲೆ ಕರೆದೆ." ಅವನು ಒಂದು ಕ್ಷಣ ತಡೆದ. "ಕಟ್ ಅಂದಿದ್ದಕ್ಕೇ ಕರೆದೆ."

ಯಾರೋ ಕಿಸಕ್ಕೆಂದರು. ಅವಳ ಕಿವಿ ಬಿಸಿಯಾಯಿತು. ಇಡೀ ಯೂನಿಟ್ಟಿನ ಮುಂದೆ! ಅದೂ ಮೊದಲ ಭೇಟಿಯಲ್ಲೇ! 'ಇವನ ಮುಖ ಇನ್ನೊಂದು ಸಲ ನೋಡಬಾರದು' ಎಂದುಕೊಂಡಳು. ಆದರೆ ನಿರ್ದೇಶಕರಾದವರು ಎಡಿಟರ್ ಮುಖ ನೋಡದೆ ಎಲ್ಲಿಗೆ ಹೋಗುತ್ತಾರೆ, ನೀವೇ ಹೇಳಿ!

ಚಿತ್ರರಂಗದಲ್ಲಿ ಅವಳನ್ನು ಎಲ್ಲರೂ ಕರೆಯುವುದು ಪೆನ್ಸಿಲ್ ಎಂದು. ಮೊದಲ ಎರಡು ವರ್ಷ ವಸ್ತ್ರ ವಿಭಾಗದಲ್ಲಿ ಇಸ್ತ್ರಿ ಹಾಕಿದಳು. ಆಮೇಲೆ ಒಂಬತ್ತು ವರ್ಷ ಕಿವಿಯ ಮೇಲೊಂದು ಪೆನ್ಸಿಲ್ ಸಿಕ್ಕಿಸಿಕೊಂಡು ಬೇರೆಯವರ ಚಿತ್ರಗಳಿಗೆ ಕಂಟಿನ್ಯುಟಿ ಬರೆದಳು. ಬೆಳಗಿನ ಶಾಟಿನಲ್ಲಿ ನಾಯಕನ ಕಪ್ಪಿನಲ್ಲಿ ಟೀ ಎಷ್ಟಿತ್ತು, ಬಾಗಿಲು ಎಷ್ಟು ತೆರೆದಿತ್ತು, ಕೂದಲು ಯಾವ ಭುಜದ ಮೇಲಿತ್ತು... ಎಲ್ಲವನ್ನೂ ಬರೆದಿಟ್ಟುಕೊಂಡು, ಮಧ್ಯಾಹ್ನದ ಶಾಟಿನಲ್ಲಿ ಅದು ಹಾಗೇ ಇದೆಯೇ ಎಂದು ಕಣ್ಣಲ್ಲಿ ಎಣ್ಣೆ ಬಿಟ್ಟುಕೊಂಡು ಕಾಯುವ ಕೆಲಸ ಅದು. ಸರಿಯಿದ್ದರೆ ಯಾರೂ ಹೊಗಳುವುದಿಲ್ಲ. ತಪ್ಪಿದರೆ ಚಿತ್ರಮಂದಿರವೇ ನಗುತ್ತದೆ.

ಹನ್ನೊಂದು ವರ್ಷದ ಮೇಲೆ ಅವಳದೇ ಕಥೆಗೆ ಒಬ್ಬ ನಿರ್ಮಾಪಕರು ಒಪ್ಪಿದ್ದರು. ಗಡಿಯಾರ ರಿಪೇರಿ ಮಾಡುವ ಒಬ್ಬ ತಾಯಿ, ಸಿಟ್ಟು ಮಾಡಿಕೊಂಡು ಮನೆ ಬಿಟ್ಟ ಮಗಳು. ಅಷ್ಟೇ ಕಥೆ. ಎಲ್ಲರೂ 'ಯಜಮಾನರು' ಎನ್ನುವ ಆ ನಿರ್ಮಾಪಕರು ಮಾತು ಕಡಿಮೆಯ ಮನುಷ್ಯ. ಮುಹೂರ್ತದ ದಿನ ಅವಳನ್ನು ಪಕ್ಕಕ್ಕೆ ಕರೆದು ಹೇಳಿದ್ದರು.

"ನೋಡಮ್ಮ, ನಿನಗಿದು ಮೊದಲನೇ ಚಿತ್ರ. ಹತ್ತು ದಿನ ಶೂಟ್ ಮಾಡು. ಹನ್ನೊಂದನೇ ದಿನ ಬೆಳಿಗ್ಗೆ ಕೂತು ನೋಡ್ತೀನಿ. ಸರಿ ಕಾಣದಿದ್ರೆ ನಿನ್ನ ಗುರುಗಳ ಕೈಗೆ ಕೊಡ್ತೀನಿ. ಕಥೆಗೆ ನಿನ್ನ ಹೆಸರಿರುತ್ತೆ. ನಿರ್ದೇಶನಕ್ಕೆ ಇರಲ್ಲ."

ಗುರುಗಳು ಎಂದರೆ, ಅವಳು ಒಂಬತ್ತು ವರ್ಷ ಪಕ್ಕದಲ್ಲಿ ಕೂತು ಕಂಟಿನ್ಯುಟಿ ಬರೆದುಕೊಟ್ಟ ಹಿರಿಯ ನಿರ್ದೇಶಕರು. ಸುದ್ದಿ ಕೇಳಿ ಅವರು ನಕ್ಕಿದ್ದರು. "ಹೋಗಿ ಬಾ ಪೆನ್ಸಿಲ್. ನನ್ನ ಪಕ್ಕದ ಕುರ್ಚಿ ಎಲ್ಲಿಗೂ ಹೋಗಲ್ಲ." ಪ್ರೀತಿಯಿಂದ ಅಂದದ್ದೇ ಇರಬಹುದು. ಆದರೆ ಅವತ್ತಿನಿಂದ ಅವಳಿಗೆ ತುತ್ತು ಗಂಟಲಲ್ಲಿ ಇಳಿಯುತ್ತಿರಲಿಲ್ಲ.

ಇವತ್ತು ಮೂರನೇ ದಿನ. ಉಳಿದಿದ್ದು ಏಳು.

* * *

"ಅವನು ಅಂದಿದ್ದೇನು? ಸರಿಯಾಗಿ ಹೇಳು," ಎಂದಳು ಅಕ್ಕ.

ಅಕ್ಕ ಮನೆಯ ಮುಂದಿನ ಕೋಣೆಯಲ್ಲೇ ಹೊಲಿಗೆ ಅಂಗಡಿ ಇಟ್ಟುಕೊಂಡವಳು. ಬಾಯಲ್ಲಿ ಸದಾ ನಾಲ್ಕು ಗುಂಡುಪಿನ್ನು. ಹಾಗಾಗಿ ಅವಳ ಮಾತೆಲ್ಲ ಹಲ್ಲಿನ ಸಂದಿಯಿಂದ ಬರುತ್ತಿತ್ತು.

"ದೇವರನ್ನ ಕರೆದ ಅಕ್ಕ! ನನ್ನ ಮುಖ ನೋಡಿಕೊಂಡೇ! ಎಲ್ಲರ ಮುಂದೆ ನನ್ನ ಮರ್ಯಾದೆ ತೆಗೆದ."

"ನೋಡೋಕೆ ಹೇಗಿದಾನೆ?"

"ಅಕ್ಕಾ!"

"ಕೇಳಿದ್ರೆ ತಪ್ಪೇನೇ ಪುಟ್ಟಿ? ಹನ್ನೊಂದು ವರ್ಷದಲ್ಲಿ ನೀನು ಒಬ್ಬ ಗಂಡಸಿನ ವಿಷಯ ಇಷ್ಟುದ್ದ ಮಾತಾಡಿದ್ದು ಇವತ್ತೇ."

ಅವಳು ಮುಖ ಊದಿಸಿಕೊಂಡು ಒಳಗೆ ಹೋದಳು. ಕನ್ನಡಿಯ ಮುಂದೆ ನಿಂತಾಗ ಅವನ ಮಾತು ಮತ್ತೆ ಕಿವಿಯಲ್ಲಿ ಮೊಳಗಿತು. ಕಟ್ ಅಂದಿದ್ದಕ್ಕೇ ಕರೆದೆ... 'ತಪ್ಪು ಕಂಡರೆ ಕಟ್ ಅನ್ನದೆ ಇನ್ನೇನು ಮಾಡಬೇಕಿತ್ತು? ಸ್ಕ್ರೂಡ್ರೈವರ್ ಕೈ ಬದಲಾಯಿಸಿದ್ದು ತೆರೆಯ ಮೇಲೆ ಬಂದರೆ, ಒಂಬತ್ತು ವರ್ಷ ಕಂಟಿನ್ಯುಟಿ ಬರೆದವಳಿಗೆ ಇಷ್ಟೂ ಕಾಣಲಿಲ್ಲವಾ ಎಂದು ಜನ ನಗುವುದಿಲ್ಲವೇ?'

ಮರುದಿನ ಊಟದ ಬಿಡುವಿನಲ್ಲಿ ಎಡಿಟಿಂಗ್ ರೂಮಿಗೆ ಹೋಗಲೇಬೇಕಾಯಿತು. ಸ್ಟುಡಿಯೋದ ಹಿಂಭಾಗದಲ್ಲಿ ಕಿಟಕಿಯಿಲ್ಲದ ಕೋಣೆ. ಎರಡು ಮಾನಿಟರು, ಒಂದು ಹರಿದ ಸೋಫಾ, ಗೋಡೆಗೆ ಅಂಟಿಸಿದ ದೃಶ್ಯಗಳ ಪಟ್ಟಿ. ಅವನು ಎದ್ದು ನಿಂತ.

"ನಿನ್ನೆ ಹಾಗನ್ನಬಾರದಿತ್ತು. ಕ್ಷಮಿಸಿ."

ಜಗಳಕ್ಕೆ ಸೊಂಟ ಕಟ್ಟಿ ಬಂದಿದ್ದವಳು ಸೋಫಾದ ತುದಿಯಲ್ಲಿ ಕೂತಳು.

"ಊಟ ಆಯ್ತಾ?" ಅವನು ಕೇಳಿದ.

"ಹಸಿವಿಲ್ಲ."

"ಹಸಿವಿಲ್ಲವೋ, ಭಯವೋ?"

ಅವನು ತನ್ನ ಬ್ರೆಡ್ಡಿನಲ್ಲಿ ಅರ್ಧ ಮುರಿದು ಕಾಗದದ ಮೇಲಿಟ್ಟು ಅವಳ ಕಡೆ ಸರಿಸಿ, ಮತ್ತೆ ಮಾನಿಟರಿಗೆ ತಿರುಗಿಬಿಟ್ಟ. ಯಾರೂ ನೋಡುತ್ತಿಲ್ಲ ಎಂದು ಖಾತ್ರಿಯಾದ ಮೇಲೆ ಅವಳು ತಿಂದಳು. ನಾಲ್ಕು ದಿನದಲ್ಲಿ ಗಂಟಲಿಳಿದ ಮೊದಲ ತುತ್ತು ಅದು.

ಐದನೇ ದಿನ, ಆರನೇ ದಿನವೂ ಹಾಗೇ ಆಯಿತು. ಬಿಡುವಾದರೆ ಅವಳ ಕಾಲು ತಾನಾಗಿ ಆ ಕೋಣೆಯ ಕಡೆ ತಿರುಗುತ್ತಿತ್ತು. ಬೆಳಿಗ್ಗೆ ತಲೆ ಬಾಚುವುದಕ್ಕೆ ಐದು ನಿಮಿಷ ಹೆಚ್ಚು ಹಿಡಿಯುತ್ತಿತ್ತು. ಅಕ್ಕ ಪಿನ್ನು ಕಚ್ಚಿಕೊಂಡೇ ನಗುತ್ತಿದ್ದಳು.

ಒಮ್ಮೆ ಅವನು ಹೇಳಹೊರಟ. "ಒಂದು ಮಾತು ಹೇಳ್ಲಾ? ನೀವು ಕಟ್ ಹೇಳೋದು..."

ಅವಳ ಮುಖ ಬಿಳಿಚಿಕೊಂಡಿತು. "ಏನು? ಚೆನ್ನಾಗಿ ಬಂದಿಲ್ವಾ? ಯಜಮಾನರು ನೋಡಿದ್ರಾ? ಏನಂದ್ರು? ನಿಜ ಹೇಳಿ!"

ಅವಳ ಕೈಬೆರಳುಗಳು ನಡುಗುತ್ತಿದ್ದವು. ಅವನು ಅದನ್ನು ನೋಡಿದ. ಬಾಯಿಗೆ ಬಂದದ್ದನ್ನು ನುಂಗಿಕೊಂಡ.

"ಏನಿಲ್ಲ... ಟೀ ತರಿಸಲಾ?"

ಅವನು ಅವತ್ತೇ ಹೇಳಿಬಿಟ್ಟಿದ್ದರೆ ಈ ಕಥೆ ಅಲ್ಲಿಗೇ ಮುಗಿಯುತ್ತಿತ್ತು. ಆದರೆ ಮನಸ್ಸಿಗೆ ಹತ್ತಿರವಾದವರು ನಡುಗುವಾಗ ಕಹಿ ಮಾತಾಡುವ ಧೈರ್ಯ ಎಷ್ಟು ಜನಕ್ಕಿದೆ?

* * *

ಏಳನೇ ದಿನ ಬೆಳಿಗ್ಗೆ ಅವಳ ಕಣ್ಣಿಗೆ ಅದು ಬಿತ್ತು. ಬೇರೆ ಯಾವ ನಿರ್ದೇಶಕರ ಕಣ್ಣಿಗೂ ಬೀಳುತ್ತಿರಲಿಲ್ಲ.

ಕ್ಯಾಮೆರಾ ವಿಭಾಗದವರು ಪ್ರತಿ ಟೇಕಿನ ಉದ್ದವನ್ನು ಒಂದು ಹಾಳೆಯಲ್ಲಿ ಬರೆದಿಡುತ್ತಾರೆ. ಅವಳಿಗೆ ಹಳೆಯ ಅಭ್ಯಾಸ, ತಾನೂ ಕೈಗಡಿಯಾರ ನೋಡಿಕೊಂಡು ಬರೆದುಕೊಳ್ಳುತ್ತಿದ್ದಳು. ಎರಡನ್ನೂ ಪಕ್ಕ ಪಕ್ಕ ಇಟ್ಟು ನೋಡಿದಳು. ಅವಳ ಲೆಕ್ಕದಲ್ಲಿ ನಲವತ್ತು ಸೆಕೆಂಡು. ಅವರ ಹಾಳೆಯಲ್ಲಿ ಐವತ್ತೈದು. ಮುಂದಿನದು ಅವಳಲ್ಲಿ ಮೂವತ್ತೆರಡು, ಅವರಲ್ಲಿ ನಲವತ್ತೇಳು.

ಪ್ರತಿ ಟೇಕಿಗೂ ಹದಿನೈದು ಸೆಕೆಂಡು ಹೆಚ್ಚು! ನಾಲ್ಕನೇ ದಿನದಿಂದ!

ಎರಡೂ ಹಾಳೆ ಹಿಡಿದುಕೊಂಡು ಕ್ಯಾಮೆರಾಮನ್ ಹತ್ತಿರ ಓಡಿದಳು. ತಲೆ ನರೆತ ಸಜ್ಜನ ಆತ.

"ಅಣ್ಣಾ, ನಾನು ಕಟ್ ಅಂದ ಮೇಲೂ ಕ್ಯಾಮೆರಾ ಓಡ್ತಿದೆಯಾ?"

ಆತ ತಲೆ ಕೆರೆದುಕೊಂಡ. "ಅದು... ಎಡಿಟರ್ ಕೇಳಿಕೊಂಡ್ರು ತಂಗಿ. ನೀನು ಕಟ್ ಅಂದ ಮೇಲೆ ಹದಿನೈದು ಸೆಕೆಂಡ್ ನಿಲ್ಲಿಸಬೇಡಿ, ನಿನಗೆ ಹೇಳಬೇಡಿ ಅಂದ್ರು."

"ನನಗೆ ಹೇಳಬೇಡಿ ಅಂತಾನಾ?"

ಅಷ್ಟರಲ್ಲಿ ಪ್ರೊಡಕ್ಷನ್ ಮ್ಯಾನೇಜರ್ ಬಂದು ತನಗೆ ಗೊತ್ತಿದ್ದ ಸುದ್ದಿಯನ್ನೂ ಸುರಿದ. "ಮೇಡಂ, ನಿಮ್ಮ ಗುರುಗಳಿಗೆ ಯಜಮಾನರು ಫೋನ್ ಮಾಡಿದ್ರಂತೆ, ಡೇಟ್ಸ್ ಖಾಲಿ ಇದೆಯಾ ಅಂತ. ನಿನ್ನೆ ಎಡಿಟರ್ ಬೇರೆ ಯಜಮಾನರ ಜೊತೆ ಅರ್ಧ ಗಂಟೆ ಬಾಗಿಲು ಹಾಕ್ಕೊಂಡು ಮಾತಾಡ್ತಿದ್ರು..."

ಎಲ್ಲ ತಾಳೆಯಾಯಿತು. ಬ್ರೆಡ್ಡು, ಟೀ, ಕ್ಷಮೆ... ಎಲ್ಲ ನಾಟಕ! ನನ್ನನ್ನು ತೆಗೆಯುವುದಕ್ಕೆ ಅವನೇ ಸಾಕ್ಷಿ ಒಟ್ಟುಮಾಡುತ್ತಿದ್ದಾನೆ. ನಾನು ಕಟ್ ಅಂದರೂ ನಿಲ್ಲದ ಯೂನಿಟ್ಟಿನಲ್ಲಿ ನಾನೆಂಥ ನಿರ್ದೇಶಕಿ?

ಎಡಿಟಿಂಗ್ ರೂಮಿನ ಬಾಗಿಲನ್ನು ಅವಳು ತಟ್ಟಲಿಲ್ಲ, ತಳ್ಳಿದಳು.

"ಕ್ಯಾಮೆರಾಮನ್‌ಗೆ ಹೇಳಿದ್ದು ನೀವೇನಾ?"

ಅವನ ಮುಖ ಸಪ್ಪಗಾಯಿತು. "ಹೌದು. ನಾನೇ."

"ನನ್ನ ಬೆನ್ನ ಹಿಂದೆ?"

"ಮುಂದೆ ಹೇಳೋಕೆ ನೋಡಿದೆ. ಆಗಲಿಲ್ಲ."

"ಯಜಮಾನರ ಹತ್ರ ಮಾತ್ರ ಅರ್ಧ ಗಂಟೆ ಆಯ್ತಲ್ಲ! ನನ್ನ ಕುರ್ಚಿ ಮೇಲೆ ಕಣ್ಣಿದ್ರೆ ನೇರವಾಗಿ ಹೇಳಬೇಕಿತ್ತು ಸರ್. ಬ್ರೆಡ್ ತಿನ್ನಿಸಿ ನಂಬಿಸಬೇಕಾಗಿರಲಿಲ್ಲ!"

"ಅಯ್ಯೋ, ಹಾಗಲ್ಲ... ಒಂದು ಸಲ ಕೂತು ಇದನ್ನ ನೋಡಿ..."

"ನಾನು ನೋಡೋದು ಹನ್ನೊಂದನೇ ದಿನವೇ. ಎಲ್ಲರ ಜೊತೆ." ಬಾಗಿಲಲ್ಲಿ ಅವಳ ಧ್ವನಿ ಒಡೆಯಿತು. "ನಿಮ್ಮನ್ನ... ನಾನು ಬೇರೆ ಥರ ಅಂದುಕೊಂಡಿದ್ದೆ."

ಎಂಟು, ಒಂಬತ್ತು, ಹತ್ತು. ಆ ಮೂರು ದಿನ ಅವಳು ಕಟ್ ಎಂದೊಡನೆ ಕ್ಯಾಮೆರಾ ನಿಂತಿತು. ಎಲ್ಲ ಕೈಗಳೂ ಸರಿಯಾದ ಕೈಗಳೇ. ಎಲ್ಲ ಕಪ್ಪುಗಳಲ್ಲೂ ಅಷ್ಟಷ್ಟೇ ಟೀ. ಹಿರಿಯ ನಟಿ ಮಾತ್ರ ಸಂಜೆ ಹೊತ್ತಿಗೆ ಸುಸ್ತಾಗಿ, "ನಾನು ಅಳೋದೋ, ಕೈ ನೋಡಿಕೊಳ್ಳೋದೋ ಮಗಳೇ?" ಎಂದರು. ಅವಳು ನಗಲು ಪ್ರಯತ್ನಿಸಿದಳು. ನಗು ಬರಲಿಲ್ಲ. ಮನೆಗೆ ಹೋಗಿ ಬಚ್ಚಲುಮನೆಯಲ್ಲಿ ನಲ್ಲಿ ತಿರುಗಿಸಿ ಅತ್ತಳು. ಚಿತ್ರಕ್ಕಾಗಿ ಅತ್ತಳೋ ಅವನಿಗಾಗಿಯೋ, ಅವಳಿಗೇ ಗೊತ್ತಾಗಲಿಲ್ಲ.

* * *

ಹನ್ನೊಂದನೇ ದಿನ ಬೆಳಿಗ್ಗೆ ಒಂಬತ್ತಕ್ಕೆ ಯಜಮಾನರು ಹರಿದ ಸೋಫಾದಲ್ಲಿ ಕೂತರು. ಅವಳು ಗೋಡೆಗೆ ಒರಗಿ ನಿಂತಳು. ಕೂತರೆ ಏಳಲು ಆಗುವುದಿಲ್ಲ ಎನ್ನಿಸಿತ್ತು.

ಅವನು ದೀಪ ಆರಿಸಿದ. ಅವಳ ಕಡೆ ನೋಡಲಿಲ್ಲ.

ಮಾನಿಟರಿನಲ್ಲಿ ಅಂಗಡಿ ತೆರೆಯಿತು. ತಾಯಿ ಗಡಿಯಾರದೊಳಗೆ ಇಣುಕುತ್ತಿದ್ದಾಳೆ. ಗೋಡೆಗೆ ಒರಗಿದ್ದವಳಿಗೆ ಗೊತ್ತಿದ್ದ ಶಾಟು. ಇಲ್ಲಿ ಕಟ್ ಬರುತ್ತದೆ... ಬರಲಿಲ್ಲ. ತಾಯಿ ತಲೆಯೆತ್ತಿ ಕಣ್ಣುಜ್ಜಿಕೊಂಡು, ಯಾರೂ ಇಲ್ಲದ ಬಾಗಿಲ ಕಡೆ ನೋಡಿದಳು. ಆ ನೋಟ! ಸ್ಕ್ರಿಪ್ಟಿನಲ್ಲಿ ಇರಲಿಲ್ಲ. ಅದು ಕಟ್ ಹೇಳಿದ ಮೇಲೆ ದಣಿದ ನಟಿ ಮನೆಗೆ ಹೋಗುವ ದಾರಿ ನೋಡಿದ ನೋಟ.

ಇನ್ನೊಂದು. ಮಗಳ ಪಾತ್ರದ ಹುಡುಗಿ ಮಾತು ಮುಗಿಸಿದ್ದಾಳೆ, ಕಟ್ ಆಗಿದೆ, ಆಮೇಲೆ ತುಟಿ ಕಚ್ಚಿಕೊಂಡು ಉಸಿರು ಬಿಡುತ್ತಾಳೆ. ಆ ಉಸಿರಿನಲ್ಲಿ ಇಡೀ ದೃಶ್ಯ ಇತ್ತು.

ಅವಳ ಕಣ್ಣು ಮಂಜಾಯಿತು. ಅಯ್ಯೋ... ಇದಕ್ಕಲ್ಲವೇ ನಾನು ಈ ಕಥೆ ಬರೆದದ್ದು! ಇದು ನನ್ನ ಕಣ್ಣ ಮುಂದೆಯೇ ನಡೆದಿತ್ತು. ನಾನು ಕೈ ನೋಡುತ್ತಿದ್ದೆ, ಕಪ್ಪು ನೋಡುತ್ತಿದ್ದೆ. ಮುಖ ನೋಡಲೇ ಇಲ್ಲ.

ಆಮೇಲೆ ಕೊನೆಯ ಮೂರು ದಿನದ ದೃಶ್ಯಗಳು ಬಂದವು. ಎಲ್ಲ ಸರಿಯಾಗಿತ್ತು. ಜೀವ ಇರಲಿಲ್ಲ.

ದೀಪ ಹತ್ತಿತು. ಯಜಮಾನರು ಮಾನಿಟರಿನ ಕಡೆ ಬೆರಳು ತೋರಿಸಿ ಕೇಳಿದರು. "ಆ ಮೊದಲ ಭಾಗ ಇದೆಯಲ್ಲ, ತಾಯಿ ಬಾಗಿಲು ನೋಡೋದು... ಅದು ಯಾರ ಕೆಲಸ?"

"ನಿರ್ದೇಶಕರದು ಸರ್," ಎಂದ ಅವನು ಥಟ್ಟನೆ. "ಮೊನ್ನೆ ಅರ್ಧ ಗಂಟೆ ನಿಮಗೆ ಅದನ್ನೇ ಹೇಳಿದ್ದು. ಇವರನ್ನ ಬದಲಾಯಿಸಬೇಡಿ, ಚಿತ್ರ ಇವರ ಹತ್ರಾನೇ ಇದೆ ಅಂತ."

ಅವಳು ಅವನ ಕಡೆ ತಿರುಗಿದಳು. ಅರ್ಧ ಗಂಟೆ ಅವನು ಮಾತಾಡಿದ್ದು ಇದನ್ನೇ? ತಾನು ಅವನಿಗೆ ಏನೆಲ್ಲ ಅಂದುಬಿಟ್ಟೆ!

ಸುಮ್ಮನಿದ್ದಿದ್ದರೆ ಅಲ್ಲಿಗೆ ಎಲ್ಲ ಸುಸೂತ್ರವಾಗುತ್ತಿತ್ತು. ಆದರೆ ಒಂಬತ್ತು ವರ್ಷ ತಪ್ಪನ್ನು ತಪ್ಪು ಎಂದೇ ಬರೆದ ಕೈ ಅದು. ಸುಳ್ಳಿಗೆ ಒಗ್ಗಲಿಲ್ಲ.

"ಅಲ್ಲ ಸರ್." ಅವಳ ಧ್ವನಿ ಅವಳಿಗೇ ದೂರದಿಂದ ಕೇಳಿಸಿತು. "ಅದು ನಾನು ಕಟ್ ಅಂದ ಮೇಲೆ ಆಗಿದ್ದು. ಎಡಿಟರ್ ಉಳಿಸಿದ್ದು. ಕೊನೇ ಮೂರು ದಿನದ್ದು ಮಾತ್ರ ಪೂರ್ತಿ ನನ್ನದು."

ಅವನು ತಲೆ ಮೇಲೆ ಕೈ ಹೊತ್ತುಕೊಂಡ. ಯಜಮಾನರು ಅವಳನ್ನು ದಿಟ್ಟಿಸಿ ನೋಡಿದರು.

"ಇವತ್ತೇನು ಶೂಟಿಂಗು?"

"ಮಗಳು ವಾಪಸ್ ಬರೋ ದೃಶ್ಯ ಸರ್."

"ಬಂದು ನೋಡ್ತೀನಿ. ಆಮೇಲೆ ನಿನ್ನ ಗುರುಗಳಿಗೆ ಹೌದು ಅನ್ನಲೋ, ಬೇಡ ಅನ್ನಲೋ, ಹೇಳ್ತೀನಿ."

ಅವರು ಹೊರಟ ಮೇಲೆ ಕೋಣೆಯಲ್ಲಿ ಇಬ್ಬರೇ ಉಳಿದರು.

"ಯಾಕೆ ಹೇಳಿದ್ರಿ? ಹಗ್ಗ ಕೊಟ್ಟು ನೀವೇ ಕುತ್ತಿಗೆಗೆ..." ಅವನಿಗೆ ಸಿಟ್ಟೋ ಅಳುವೋ ತಿಳಿಯದು.

"ನೀವು ಯಾಕೆ ನನಗೆ ಹೇಳಲಿಲ್ಲ?"

"ಹೆದರಿದೆ. ನಿಮ್ಮ ಕೈ ನಡುಗ್ತಿತ್ತು. ತಪ್ಪು ನಂದೇ. ಚಿತ್ರ ಉಳಿಸಬೇಕು ಅನ್ನೋ ಭರದಲ್ಲಿ ನಿಮ್ಮ ಮಾತಿಗೆ ನಿಮ್ಮ ಸೆಟ್ಟಲ್ಲೇ ಬೆಲೆ ಇಲ್ಲದ ಹಾಗೆ ಮಾಡಿಬಿಟ್ಟೆ."

ಅವನು ಗೋಡೆ ನೋಡಿಕೊಂಡು ಹೇಳತೊಡಗಿದ.

"ಆರು ವರ್ಷದ ಹಿಂದೆ ನಾನು ಅಸಿಸ್ಟೆಂಟ್ ಎಡಿಟರ್. ಸೆಟ್ಟಿಂದ ಕಂಟಿನ್ಯುಟಿ ಹಾಳೆಗಳು ಬರ್ತಿದ್ವು. ಒಂದರಲ್ಲಿ ಹೀಗೆ ಬರೆದಿತ್ತು. 'ಟೇಕ್ ನಾಲ್ಕು. ಕಪ್ಪು ತಪ್ಪು ಕೈಯಲ್ಲಿದೆ. ಆದರೂ ದಯವಿಟ್ಟು ಇದನ್ನೇ ಇಟ್ಟುಕೊಳ್ಳಿ. ಇವರು ಇಲ್ಲಿ ನಟಿಸುತ್ತಿಲ್ಲ.' ಬಾಯಿಪಾಠ ಆಗಿದೆ ನನಗೆ. ಬರೆದವರು ಯಾರು ಅಂತ ಗೊತ್ತಿರಲಿಲ್ಲ. ಎಡಿಟಿಂಗ್ ಅಂದ್ರೆ ಏನು ಅಂತ ನನಗೆ ಕಲಿಸಿದ್ದು ಆ ಸಾಲು. ಈ ಚಿತ್ರದ ಸ್ಕ್ರಿಪ್ಟ್ ಬಂದಾಗ ಅಂಚಿನಲ್ಲಿ ಅದೇ ಕೈಬರಹ! ಕಥೆ ಓದೋ ಮುಂಚೆನೇ ಒಪ್ಪಿಕೊಂಡುಬಿಟ್ಟೆ."

ಅವಳಿಗೆ ಆ ಹಾಳೆ ನೆನಪಿಗೇ ಬರಲಿಲ್ಲ. ಅಂಥವು ಎಷ್ಟು ಬರೆದಿದ್ದಳೋ!

"ಮೊದಲ ದಿನ ಸೆಟ್ಟಿಗೆ ಬಂದಾಗ ಆ ಕೈಬರಹದವರನ್ನ ನೋಡೋಕೆ ಬಂದಿದ್ದೆ. ಸ್ಕ್ರೂಡ್ರೈವರ್ ಯಾವ ಕೈಲಿದೆ ಅಂತ ಕಟ್ ಹೇಳೋರು ಸಿಕ್ಕಿದ್ರು. ದೇವರನ್ನ ಕರೀದೆ ಏನು ಮಾಡ್ಲಿ ಹೇಳಿ?"

ಅವಳಿಗೆ ಅಳು ಬಂತು, ಜೊತೆಗೆ ನಗುವೂ ಬಂತು. "ಆ ಕೈಬರಹದವಳು ಹೆದರಿಕೊಂಡಿದಾಳೆ," ಎಂದಳು ಮೆಲ್ಲಗೆ. "ಪಕ್ಕದ ಕುರ್ಚೀಲಿ ಕೂತಾಗ ಧೈರ್ಯ ಇತ್ತು. ತಪ್ಪಾದ್ರೆ ಬೇರೆಯವರ ಚಿತ್ರ. ಈಗ ನನ್ನದು."

"ಮಧ್ಯಾಹ್ನ ನಾನು ಬರಲಾ?"

"ಬನ್ನಿ. ಆದ್ರೆ ಕ್ಯಾಮೆರಾಮನ್ ಹತ್ರ ಏನೂ ಹೇಳಬೇಡಿ."

* * *

ಯಜಮಾನರು ಮಡಚುವ ಕುರ್ಚಿ ಹಾಕಿಸಿಕೊಂಡು ಸೆಟ್ಟಿನ ಮೂಲೆಯಲ್ಲಿ ಕೂತಿದ್ದರು.

ದೃಶ್ಯ ಇಷ್ಟೇ. ಆರು ವರ್ಷದ ಮೇಲೆ ಮಗಳು ಗಿರಾಕಿಯಂತೆ ಬಂದು ಕೆಟ್ಟ ಗಡಿಯಾರ ಕೌಂಟರಿನ ಮೇಲಿಡುತ್ತಾಳೆ. ತಾಯಿ ತಲೆಯೆತ್ತದೆ ರಿಪೇರಿ ಮಾಡಿಕೊಡುತ್ತಾಳೆ. ಮಗಳು ಹೊರಡುವಾಗ ತಾಯಿ ಕೂಗುತ್ತಾಳೆ. ಮೂರು ನಿಮಿಷ, ಒಂದೇ ಶಾಟು.

ಅವಳು ಮೆಲ್ಲಗೆ ಹೇಳಿದಳು. "ಆ್ಯಕ್ಷನ್..."

ಮಗಳು ಬಂದಳು. ಗಡಿಯಾರ ಇಟ್ಟಳು. ತಾಯಿ ಭೂತಗನ್ನಡಿಯನ್ನು ಕಣ್ಣಿಗೆ ಸಿಕ್ಕಿಸಿಕೊಂಡಳು.

ಎಡಗಣ್ಣಿಗೆ! ಚಿತ್ರವಿಡೀ ಬಲಗಣ್ಣಿಗಿತ್ತು!

ಕಟ್ ಎಂಬ ಮಾತು ಅವಳ ನಾಲಿಗೆಯ ತುದಿಗೆ ಬಂದು ನಿಂತಿತು. ಹಲ್ಲು ಕಚ್ಚಿದಳು. 'ಮುಖ ನೋಡು. ಮುಖ ನೋಡೇ...' ತನಗೆ ತಾನೇ ಹೇಳಿಕೊಂಡಳು.

ನೋಡಿದಳು. ತಾಯಿಯ ಇನ್ನೊಂದು ಕಣ್ಣು, ಬರಿಗಣ್ಣು, ಮಗಳ ಬೆರಳುಗಳನ್ನು ಕದ್ದು ನೋಡುತ್ತಿತ್ತು.

ಅಷ್ಟರಲ್ಲಿ ನಟಿಯ ಕೈ ಜಾರಿತು. ಸಾಸಿವೆಯಷ್ಟು ಸಣ್ಣ ಸ್ಕ್ರೂ ನೆಲಕ್ಕೆ ಬಿತ್ತು. ನಿಜವಾಗಿಯೂ ಬಿತ್ತು! ಸ್ಕ್ರಿಪ್ಟಿನಲ್ಲಿ ಹಾಗಿಲ್ಲ. ನಟಿ ಒಂದು ಗಳಿಗೆ ಗಲಿಬಿಲಿಗೊಂಡು, ಅಭ್ಯಾಸದಂತೆ ಕಟ್‌ಗೆ ಕಾದರು. ಮಗಳ ಪಾತ್ರದ ಹುಡುಗಿಯೂ ಕಾದಳು. ಇಡೀ ಯೂನಿಟ್ಟು ಕಾದಿತು. ಯಜಮಾನರು ಕುರ್ಚಿಯಲ್ಲಿ ಮುಂದಕ್ಕೆ ಬಾಗಿದರು.

ಅವಳು ಬಾಯಿ ತೆರೆಯಲಿಲ್ಲ.

ಕಟ್ ಬರಲಿಲ್ಲ ಎಂದು ಅರ್ಥವಾದಾಗ ಹಿರಿಯ ನಟಿ ನಿಧಾನವಾಗಿ ಕೌಂಟರಿನ ಈಚೆ ಬಂದು ಮಂಡಿಯೂರಿ ನೆಲ ತಡಕತೊಡಗಿದರು. ಹುಡುಗಿಯೂ ಕೆಳಗೆ ಕೂತಳು. ಕ್ಯಾಮೆರಾಮನ್ ಪ್ರಶ್ನೆಯ ಮುಖ ಮಾಡಿ ನಿರ್ದೇಶಕಿಯ ಕಡೆ ನೋಡಿದ. ಅವಳು ಅಂಗೈ ಕೆಳಗೆ ಮಾಡಿ ತೋರಿಸಿದಳು. 'ಕೂತ್ಕೊಳ್ಳಿ ಅಣ್ಣಾ, ಅವರ ಜೊತೆ ನೆಲಕ್ಕೆ ಕೂತ್ಕೊಳ್ಳಿ!' ಕ್ಯಾಮೆರಾ ಮೆಲ್ಲಗೆ ನೆಲಕ್ಕಿಳಿಯಿತು.

ಎರಡು ತಲೆಗಳು ಢಿಕ್ಕಿ ಹೊಡೆದವು. ಹುಡುಗಿಗೆ ನಗು ಬಂತು. ನಟಿ ಅವಳ ಹಣೆ ಸವರಿದರು. ಬಾಯಿಂದ ತಾನಾಗಿ ಮಾತು ಬಂತು.

"ಸಣ್ಣವಳಿದ್ದಾಗಲೂ ನೀನೇ ಹುಡುಕಿಕೊಡ್ತಿದ್ದೆ."

ಹುಡುಗಿಯ ನಗು ಅಲ್ಲೇ ಮುರಿದು ಅಳುವಾಯಿತು. ಅವಳು ಆ ಮಡಿಲಿಗೆ ತಲೆ ಹಾಕಿದಳು. ನೆಲದ ಮೇಲೆ, ಸ್ಕ್ರೂಡ್ರೈವರ್ ಯಾವ ಕೈಯಲ್ಲಿದೆಯೋ ಯಾರಿಗೂ ತಿಳಿಯದ ಹಾಗೆ, ತಾಯಿ ಮಗಳು ಅಳುತ್ತಾ ಕೂತುಬಿಟ್ಟರು.

ಮೂರು ನಿಮಿಷ ದಾಟಿತು. ನಾಲ್ಕಾಯಿತು. ಸೆಟ್ಟಿನಲ್ಲಿ ಯಾರೋ ಮೂಗೊರೆಸಿಕೊಂಡರು.

ಕೊನೆಗೆ ಹಿರಿಯ ನಟಿಯೇ ತಲೆಯೆತ್ತಿದರು. "ಏನು ಮಗಳೇ, ನಮ್ಮನ್ನ ಕೆಳಗೆ ಕೂರಿಸಿ ಮರೆತೇಬಿಟ್ಯಾ? ನನ್ನ ಮಂಡಿ ಹೋಯ್ತು!"

ಎಲ್ಲರೂ ಗೊಳ್ಳೆಂದು ನಕ್ಕರು. ಚಪ್ಪಾಳೆ ಬಿತ್ತು. ಅವಳು ಮಾತ್ರ ನಗಲಿಲ್ಲ. ಓಡಿಹೋಗಿ ನಟಿಯನ್ನು ಅಪ್ಪಿಕೊಂಡು, ತಿರುಗಿ ಮೂಲೆಯ ಕುರ್ಚಿಯ ಕಡೆ ನೋಡಿದಳು.

ಯಜಮಾನರು ಎದ್ದು ಕನ್ನಡಕ ಒರೆಸಿಕೊಳ್ಳುತ್ತಿದ್ದರು. ಒರೆಸಿ ಮುಗಿಯುತ್ತಲೇ ಇರಲಿಲ್ಲ.

"ನಾಳೆ ಎಷ್ಟು ಗಂಟೆಗೆ ಶುರು ಮಾಡ್ತೀಯಮ್ಮ?"

"ಸರ್...?"

"ನಿನ್ನ ಗುರುಗಳಿಗೆ ಬೇಡ ಅಂತ ಹೇಳ್ತೀನಿ. ನಾಳೆ ಎಷ್ಟು ಗಂಟೆಗೆ?"

"ಏಳಕ್ಕೆ ಸರ್," ಎಂದಳು. ಅಷ್ಟು ಹೇಳುವಷ್ಟರಲ್ಲಿ ಕಣ್ಣು ಸುರಿಯತೊಡಗಿತ್ತು.

* * *

ಎಲ್ಲರೂ ಟೀಗೆ ಹೋದರು. ಅಂಗಡಿಯ ಸೆಟ್ಟು ಖಾಲಿಯಾಯಿತು. ಅವಳು ಕೌಂಟರಿನ ಹಿಂದೆ ಕೂತು ಉಸಿರು ಬಿಡುತ್ತಿದ್ದಳು. ಅವನು ಎದುರು ಬಂದು ನಿಂತ, ಗಿರಾಕಿಯಂತೆ.

"ನಿಮಗೆ ಒಂದು ಮಾತು ಹೇಳಬೇಕು," ಅವಳೇ ಮೊದಲು ಶುರು ಮಾಡಿದಳು. "ಅವತ್ತು ನಿಮ್ಮನ್ನ ಕೇಳದೇನೇ ಏನೇನೋ ಅಂದುಬಿಟ್ಟೆ. ಕ್ಷಮಿಸಿ. ಆದ್ರೆ ಇನ್ನು ಮೇಲೆ ನನ್ನ ಕೆಲಸ ಸರಿ ಇಲ್ಲ ಅನ್ನಿಸಿದ್ರೆ ನನಗೇ ಹೇಳಬೇಕು. ನಾನು ನಡುಗ್ತಿದ್ರೂ ಹೇಳಬೇಕು."

"ಹೇಳ್ತೀನಿ. ಆದ್ರೆ ಈಗ ಹೇಳಬೇಕಾಗಿರೋದು ಕೆಲಸದ ವಿಷಯ ಅಲ್ಲ." ಅವನ ಕೈ ನಡುಗುತ್ತಿತ್ತು. ಈ ಸಲ ಅವನದು! "ಆರು ವರ್ಷ ಒಂದು ಕೈಬರಹವನ್ನ ಪ್ರೀತಿಸಿದೆ. ಈಗ ಎಂಟು ದಿನದಿಂದ, ಅದನ್ನ ಬರೆದವರನ್ನ... ನನ್ನ ಮೇಲೆ ಅರಚಿದಾಗ ಕೂಡ. ಇದನ್ನ ಬೆನ್ನ ಹಿಂದೆ ಇಟ್ಟುಕೊಂಡು ಓಡಾಡೋಕೆ ನನ್ನಿಂದ ಆಗಲ್ಲ."

ಅವಳಿಗಾದದ್ದೂ ಹೆದರಿಕೆಯೇ. ಆದರೆ ಇಂಥ ಹೆದರಿಕೆ ಅವಳಿಗೆ ಹೊಸದು.

"ನನ್ನ ಜೊತೆ ಕಷ್ಟ ಸರ್. ನಾನು ಎಲ್ಲದರಲ್ಲೂ ತಪ್ಪು ಹುಡುಕ್ತೀನಿ. ಅಕ್ಕ ಹೇಳ್ತಾಳೆ, ನನ್ನನ್ನ ಕಟ್ಟಿಕೊಂಡವನು ದಿನಾ ಪರೀಕ್ಷೆ ಬರೆದ ಹಾಗೇ ಅಂತೆ."

"ಬರೀತೀನಿ."

"ನಿಮ್ಮಲ್ಲೂ ಹುಡುಕ್ತೀನಿ."

"ಹುಡುಕಿ. ಈಗಲೇ ಶುರು ಮಾಡಿ. ಏನು ಕಾಣ್ತಿದೆ?"

ಅವಳು ಅವನನ್ನು ಕೆಳಗಿನಿಂದ ಮೇಲಿನ ತನಕ ನಿಧಾನವಾಗಿ ನೋಡಿದಳು. ಈ ಎಂಟು ದಿನದಲ್ಲಿ ಹೀಗೆ ಧೈರ್ಯವಾಗಿ ನೋಡಿರಲಿಲ್ಲ.

"ಅಂಗಿ ಗುಂಡಿ ತಪ್ಪು ಹಾಕಿದೀರಿ. ಒಂದು ಕಡೆ ಮೇಲೆ, ಇನ್ನೊಂದು ಕಡೆ ಕೆಳಗೆ."

ಅವನು ಗಾಬರಿಯಿಂದ ಎದೆ ನೋಡಿಕೊಂಡ. "ಅಯ್ಯೋ! ಯಾವಾಗಿನಿಂದ?"

"ಬೆಳಿಗ್ಗೆಯಿಂದ."

"ಯಜಮಾನರ ಮುಂದೆಲ್ಲ ಹೀಗೇ ಇದ್ನಾ? ಕಂಡ ತಕ್ಷಣ ಯಾಕೆ ಹೇಳಲಿಲ್ಲ?"

ಅವಳು ನಕ್ಕಳು. ಹನ್ನೊಂದು ದಿನದಲ್ಲಿ ಮೊದಲ ಬಾರಿಗೆ, ಮನಸಾರೆ.

"ಹಾಗೇ ಇರಲಿ, ನೋಡ್ತಾ ಇರೋಣ ಅನ್ನಿಸ್ತು."